ಕೂಗಬಾರದ ಹೆಸರು

ನಮ್ಮ ಅಡುಗೆಮನೆಯ ಗೂಡಿನಲ್ಲಿ, ಇಂಗಿನ ಡಬ್ಬಿಗೂ ದರ್ಭೆಯ ಕಟ್ಟಿಗೂ ನಡುವೆ, ಮೂರು ಕನ್ನಡ ಪುಸ್ತಕಗಳಿವೆ. ಅಡುಗೆಮನೆಯಲ್ಲಿ ಪುಸ್ತಕವೇ ಎಂದು ಹುಬ್ಬೇರಿಸಬೇಡಿ. ಕಾಶಿಯ ಸೋನಾರ್‌ಪುರಾದ ಈ ಕತ್ತಲೆಮನೆಯಲ್ಲಿ ನನಗೆ ಓದುವ ಹೊತ್ತು ಸಿಗುವುದು ಬೇಳೆ ಬೇಯುವಾಗ ಮಾತ್ರ. ನಮ್ಮ ಮಾವನವರದು ನಮ್ಮ ಕಡೆಯಿಂದ ಬರುವ ಯಾತ್ರಿಕರಿಗೆ ಶ್ರಾದ್ಧ ಮಾಡಿಸುವ ಪೌರೋಹಿತ್ಯ, ನನ್ನದು ಅದೇ ಯಾತ್ರಿಕರಿಗೆ ಬಡಿಸುವ ಪೌರೋಹಿತ್ಯ. ತರಕಾರಿಯವನ ಹತ್ತಿರ ಹಿಂದಿ, ಹೆತ್ತ ಮಕ್ಕಳ ಹತ್ತಿರವೂ ಈಗೀಗ ಹಿಂದಿಯೇ. ಹೀಗಾಗಿ ಆ ಪುಸ್ತಕಗಳನ್ನು ನಾನು ಓದಿದ್ದಲ್ಲ, ಉಂಡಿದ್ದು. ಪುಟಪುಟದಲ್ಲೂ ಅರಿಸಿನದ ಬೆರಳಿನ ಗುರುತಿದೆ.

ಬರೆದವರು ನಮ್ಮ ತವರಿನ ಕಡೆಯ ಮೇಷ್ಟರೊಬ್ಬರು. ಬ್ರಿಟಿಷ್ ದೊರೆಗಳು ತೇಗದ ಮರದ ಆಸೆಗೆ ಕಾಡಿನ ಜನರನ್ನು ಹೇಗೆ ಒಕ್ಕಲೆಬ್ಬಿಸಿದರು, ಅವರ ಗುಡಿಸಲುಗಳ ಹಾಡಿಗಳಿಗೆ ಹೇಗೆ ಬೆಂಕಿಯಿಟ್ಟರು, ಸತ್ತವರನ್ನು ಕಾಗದದ ಮೇಲೆ ಬರಿಯ ಕಾಡುಕೂಲಿಗಳೆಂದು ಬರೆದು ಹೇಗೆ ಕೈತೊಳೆದುಕೊಂಡರು ಎಂಬುದೇ ಅವರ ಮೂರೂ ಪುಸ್ತಕಗಳ ವಸ್ತು. ಹೆಸರೂ ಇಲ್ಲದಂತೆ ಸತ್ತರಲ್ಲ ಎಂಬ ಸಂಕಟ ಅವರನ್ನು ಎಷ್ಟು ಸುಟ್ಟಿತೆಂದರೆ, ಮೂರನೆಯ ಪುಸ್ತಕದಲ್ಲಿ, ಒಂದು ಹಾಡಿಯ ಅಜ್ಜಿಯ ಬಾಯಿಂದ ಕೇಳಿ, ಸುಟ್ಟುಹೋದವರ ಹೆಸರನ್ನೆಲ್ಲ ಅಚ್ಚು ಹಾಕಿಸಿದರು. ಮೊದಲ ಪುಟದಲ್ಲಿ ದಪ್ಪಕ್ಷರದಲ್ಲಿ ಆ ಅಜ್ಜಿಯ ಹೆಸರು, ಅವಳಿಗೇ ಅರ್ಪಣೆ. ಅಯ್ಯೋ, ಓದಿ ನಾನು ಎಷ್ಟು ಅತ್ತಿದ್ದೆ! ನ್ಯಾಯವೆಂದರೆ ಇದೇ ಎಂದುಕೊಂಡಿದ್ದೆ.

ತುರ್ತುಪರಿಸ್ಥಿತಿಯ ಒಂದು ಮಾಘದಲ್ಲಿ, ಗೋಡೆಗೂ ಕಿವಿಯಿದೆಯೆಂದು ಜನ ಹೆಸರು ಹೇಳಲು ಹೆದರುತ್ತಿದ್ದ ಕಾಲದಲ್ಲಿ, ಆ ಮೇಷ್ಟರೇ ನಮ್ಮ ಮನೆಗೆ ಬಂದಿಳಿದರು. ನನ್ನ ಸಂಭ್ರಮ ಕೇಳಬೇಕೆ! ಸಾರು ಬಡಿಸುತ್ತಲೇ, ನಾಲ್ಕನೆಯ ಪುಸ್ತಕ ಯಾವಾಗ ಎಂದುಬಿಟ್ಟೆ. ಅವರು ಕೈಯಲ್ಲಿದ್ದ ತುತ್ತನ್ನು ಎಲೆಗೆ ಇಳಿಸಿದರು.

“ನಾಲ್ಕನೇದು ಇಲ್ಲ ತಾಯಿ. ಸತ್ತವರ ಹೆಸರು ಕೂಗಬಾರದು ಅಂತ ಹಾಡಿಯವರಲ್ಲಿ ಕಟ್ಟಳೆ. ಕೂಗಿದ್ರೆ ಹೋಗ್ತಾ ಇರೋ ಜೀವ ದಾರೀಲೇ ನಿಂತು ತಿರುಗಿ ನೋಡುತ್ತಂತೆ, ಮುಂದಕ್ಕೆ ಹೋಗಲ್ವಂತೆ. ನಿನ್ನ ಕಿವಿಗೆ ಮಾತ್ರ ಅಂತ ಅಜ್ಜಿ ಹೇಳಿದ್ಲು. ನಾನು ಅಚ್ಚು ಹಾಕಿಸ್ದೆ. ಪುಸ್ತಕ ಬಿಡುಗಡೆ ದಿವಸ ಅವಳನ್ನೇ ವೇದಿಕೆ ಮೇಲೆ ಕೂರಿಸಿ, ಹಾರ ಹಾಕಿ, ಅಷ್ಟೂ ಹೆಸರನ್ನ ಮೈಕಿನಲ್ಲಿ ಓದಿಸ್ದೆ. ಅವಳು ಕಿವಿ ಮುಚ್ಚಿಕೊಂಡಿದ್ಲು. ನಾನು ಮುದುಕಿ ಅಳ್ತಿದ್ದಾಳೆ ಅಂದ್ಕೊಂಡೆ.”

ಆಮೇಲೆ ಅಜ್ಜಿ ಅವರೊಡನೆ ಮಾತಾಡಲೇ ಇಲ್ಲವಂತೆ. ಹೋದ ವರ್ಷ ತೀರಿಕೊಂಡಿದ್ದಳು, ಹಿಂದೆ ಮುಂದೆ ಯಾರೂ ಇಲ್ಲ. ಅವಳಿಗೊಂದು ಪಿಂಡವಿಟ್ಟು, ಅವಳಾದರೂ ನಿಲ್ಲದೆ ದಾರಿ ಸಾಗಲಿ ಎಂದು ಮೇಷ್ಟರು ಕಾಶಿಗೆ ಬಂದಿದ್ದರು. ಮಾವನವರಲ್ಲಿ ಅವರು ಕೇಳಿಕೊಂಡಿದ್ದು ಒಂದೇ.

“ಹೆಸರಿನ ಜಾಗದಲ್ಲಿ ಸುಮ್ಮನಿದ್ದುಬಿಡಿ ಭಟ್ರೇ.”

ಮಾವನವರಿಗೆ ಇದು ಗಂಟಲಲ್ಲಿ ಇಳಿಯಲಿಲ್ಲ. “ಹೆಸರು ಗೋತ್ರ ಇಲ್ಲದೆ ಕೊಟ್ಟರೆ ಮುಟ್ಟೋದು ಹೇಗೆ ಸ್ವಾಮಿ? ವಿಳಾಸ ಇಲ್ಲದ ಕಾರ್ಡು ಟಪಾಲಿಗೆ ಹಾಕಿದ ಹಾಗಾಯ್ತು” ಎಂದು ಗೊಣಗಿ, ಆಗಲಿ ಎಂದು ತಲೆಯಾಡಿಸಿದರು.

ಪಿಂಡದ ಅನ್ನ ಹೊತ್ತುಕೊಂಡು ದಶಾಶ್ವಮೇಧ ಘಾಟಿಗೆ ಹೋದವಳು ನಾನೇ. ಮಂಜಿನಲ್ಲಿ ಆಚೆ ದಡ ಕಾಣುತ್ತಿರಲಿಲ್ಲ. ಮಂತ್ರ ಹೆಸರಿನ ಜಾಗಕ್ಕೆ ಬಂದಾಗ ಮೇಷ್ಟರು ಪಿಂಡ ಹಿಡಿದು ತಲೆ ತಗ್ಗಿಸಿದರು. ಮಾವನವರು ಸುಮ್ಮನಾದರು. ಆದರೆ ಹಾಗೇ ಸುಮ್ಮನಿರಲು ಅವರಿಂದ ಆಗಲಿಲ್ಲ. ಜೀವಮಾನವಿಡೀ ಯಾರ ಪಿಂಡವನ್ನೂ ಹೆಸರಿಲ್ಲದೆ ಕಳಿಸದ ಬಾಯಿ ಅದು. ಬೆಳಿಗ್ಗೆ ನನ್ನ ಗೂಡಿನ ಮೂರನೆಯ ಪುಸ್ತಕ ತೆಗೆದು ಮೊದಲ ಪುಟ ನೋಡಿದ್ದರಂತೆ. ಪಾಪ, ಮುದುಕಿ ಉಪವಾಸ ಉಳಿದಾಳೆಂಬ ಕರುಣೆಯಿಂದಲೇ, ಗೋತ್ರವಿಲ್ಲದವರಿಗೆಲ್ಲ ಕೊಡುವ ಕಾಶ್ಯಪ ಗೋತ್ರವನ್ನೂ ಸೇರಿಸಿ, ಅವಳ ಹೆಸರನ್ನು ಆಚೆ ದಡಕ್ಕೆ ಕೇಳುವಂತೆ ಕೂಗಿಬಿಟ್ಟರು.

ಮೇಷ್ಟರ ಕೈ ನಿಂತಿತು. “ನಿಲ್ಲಿಸಿಬಿಟ್ರಲ್ಲ ಭಟ್ರೇ ಅವಳನ್ನ” ಎಂದಷ್ಟೇ ಅಂದು, ಪಿಂಡವನ್ನು ಮೆಟ್ಟಿಲ ಮೇಲಿಟ್ಟು ಎದ್ದುಹೋದರು. ಮಾವನವರು ನನ್ನ ಮುಖ ನೋಡಿದರು. ಏನು ತಪ್ಪಾಯಿತೆಂದು ಅವರಿಗೆ ಇವತ್ತಿಗೂ ತಿಳಿದಿಲ್ಲ.

ಕಾಶಿಗೆ ಬಂದವರು ಇಷ್ಟವಾದದ್ದೊಂದನ್ನು ಬಿಟ್ಟುಹೋಗಬೇಕೆಂಬ ರೂಢಿಯಿದೆಯಲ್ಲ. ಹೆಚ್ಚಿನವರು ಹಾಗಲಕಾಯಿ ಬಿಟ್ಟೆನೆಂದು ಹೇಳಿ ಜಾಣತನ ಮೆರೆಯುತ್ತಾರೆ. ಮೇಷ್ಟರು ಬರೆಯುವುದನ್ನೇ ಬಿಟ್ಟರು. ನನಗೆ ಸಿಟ್ಟು ಬರುತ್ತದೆ, ಯಾರ ಮೇಲೆಂದು ಹೇಳಲಿ? ಬೆಂಕಿಯಿಟ್ಟ ದೊರೆಯನ್ನು ಬಯ್ಯುವುದು ಸುಲಭ. ಮೇಷ್ಟರದು ಪ್ರೀತಿ, ಮಾವನವರದು ಧರ್ಮ, ಇವರನ್ನು ಹೇಗೆ ಬಯ್ಯಲಿ? ಆದರೂ ಅಜ್ಜಿ ಬೇಡವೆಂದದ್ದು ಒಂದೇ ಒಂದು, ಅದನ್ನು ಇಬ್ಬರೂ ಕೇಳಿಸಿಕೊಳ್ಳಲಿಲ್ಲ.

ಮೊನ್ನೆ ಗಂಜಿಯಲ್ಲಿ ಕಾಗದದ ಚೂರು ಅದ್ದಿ ಆ ಮೊದಲ ಪುಟದ ಹೆಸರಿನ ಮೇಲೆ ಅಂಟಿಸಿದೆ. ಮುಚ್ಚಿದ್ದೇನೋ ಮುಚ್ಚಿತು. ಆದರೆ ಓದಿ ಓದಿ ಅದು ನನಗೆ ಬಾಯಿಪಾಠವಾಗಿದೆಯಲ್ಲ, ಏನು ಮಾಡಲಿ? ಇಂಗಿನ ಡಬ್ಬಿಗೆ ಕೈಚಾಚಿದಾಗಲೆಲ್ಲ ತಾನಾಗಿ ನಾಲಿಗೆಯ ತುದಿಗೆ ಬರುತ್ತದೆ, ಮಾವನವರ ದನಿಯಲ್ಲೇ. ನಿಮಗಂತೂ ಹೇಳುವುದಿಲ್ಲ. ತುಟಿ ಕಚ್ಚಿ ಬೇಳೆಗೆ ಉಪ್ಪು ಹಾಕುತ್ತೇನೆ. ಅಷ್ಟರಲ್ಲಿ ಅಜ್ಜಿ ಎಲ್ಲೋ ದಾರಿಯಲ್ಲಿ ತಿರುಗಿ ನೋಡಿಯಾಗಿರುತ್ತದೆ.