ಬಟ್ಟಲ ಮೇಲಿನ ಹೆಸರು

ಪಕ್ಕದ ಮನೆಯಲ್ಲಿ ಗುಗ್ಗರಿ ಕುದಿಯುತ್ತಿದೆ. ನೆನೆಸಿದ ಗೋಧಿ, ಕಡಲೆ, ಮೇಲಷ್ಟು ಉಪ್ಪು, ಅಷ್ಟೇ ಸಾಮಾನು. ಆದರೆ ಆ ವಾಸನೆ ಗೋಡೆ ದಾಟಿ ಬಂತೆಂದರೆ ನಮ್ಮ ಜೇವರ್ಗಿಯ ಓಣಿಯಲ್ಲಿ ಯಾರೂ ಏನೆಂದು ಕೇಳುವುದಿಲ್ಲ. ಇವತ್ತು ಅಲ್ಲಿ ಕೂಸನ್ನು ತೊಟ್ಟಿಲಿಗೆ ಹಾಕುತ್ತಾರೆ, ಹೆಸರಿಡುತ್ತಾರೆ. ಮುಂಜಾನೆಯೇ ಆ ಮನೆಯ ಸೊಸೆ ಬಾಣಂತಿಯ ಕಿವಿಪಟ್ಟಿ ಕಟ್ಟಿಕೊಂಡು ಬಾಗಿಲಿಗೆ ಬಂದು ನಿಂತಿದ್ದಳು.

"ಮೇಡಂ, ಸಂಜಿಕ್ಕ ತಪ್ಪದ ಬರ್ರಿ. ನೀವು ಕನ್ನಡ ಕಲಸಾವ್ರು. ನಮ್ಮ ಕೂಸಿನ ಹೆಸರಿಂದು ಅರ್ಥ ನೀವೇ ಮೈಕಿನಾಗ ಹೇಳ್ಬೇಕ್ರಿ. ಹೊಸಾ ಹೆಸರು ಅದ, ಮಂದಿ ಕೇಳ್ತಾರ."

ನನ್ನ ಕಿವಿ ಬಿಸಿಯಾದವು. "ಬರ್ತೇನಿ ಬಿಡವ್ವ" ಎಂದು ಹೇಳಿ ಒಳಗೆ ಬಂದು, ಸಕ್ಕರೆ ಹಾಕದ ಚಹಾವನ್ನು ಪೂರ್ತಿ ಕುಡಿದು ಮುಗಿಸಿದ ಮೇಲೆ ಸಕ್ಕರೆ ಇರಲಿಲ್ಲ ಎಂಬುದು ತಿಳಿಯಿತು. ಹೆಸರಿನ ಅರ್ಥ ಎಂಬ ಮಾತು ಕೇಳಿದರೆ ಈಗೀಗ ನನಗೆ ಹೀಗಾಗುತ್ತದೆ. ಯಾಕೆಂದು ನಿಮಗೆ ಹೇಳಬೇಕು. ಮನೆಯವರಿಗೆ ಹೇಳುವಂತಿಲ್ಲ, ಅವರಿಗೆಲ್ಲ ಗೊತ್ತೇ ಇದೆ.

ಮೊದಲು ನನ್ನ ಬಡಿವಾರ ಒಂದಿಷ್ಟು ಕೇಳಿ. ಕಾಲೇಜಿನಲ್ಲಿ ಕನ್ನಡ ಕಲಿಸುವವಳಾದ್ದರಿಂದ ಬಂಧುಬಳಗದ ಕೂಸುಗಳಿಗೆಲ್ಲ ಹೆಸರು ಹುಡುಕುವ ಕೆಲಸ ತಾನಾಗಿ ನನ್ನ ಪಾಲಿಗೆ ಬಂದಿತ್ತು. ಯಾರಾದರೂ ಬಸುರಿ ಎಂದು ತಿಳಿದರೆ ಸಾಕು, ನಾನು ನಿಘಂಟು ತೆಗೆದುಕೊಂಡು ಕೂಡುತ್ತಿದ್ದೆ. ಕೇಳಿದವರಿಗೆ ಕೊಡುತ್ತಿದ್ದೆ, ಕೇಳದವರಿಗೆ ಇನ್ನೂ ಹೆಚ್ಚು ಕೊಡುತ್ತಿದ್ದೆ. ಹೆಸರೆಂದರೆ ಅದಕ್ಕೊಂದು ಅರ್ಥ ಇರಬೇಕು, ಅರ್ಥಕ್ಕೊಂದು ಮೂಲ ಇರಬೇಕು, ಇಲ್ಲದಿದ್ದರೆ ಅದು ಬರೀ ಸಪ್ಪಳ ಎಂದು ಮದುವೆ ಮುಂಜಿಗಳಲ್ಲಿ ಊಟದ ಸಾಲಿನಲ್ಲಿ ಕೂತು ಉಪನ್ಯಾಸ ಕೊಟ್ಟಿದ್ದೇನೆ. ಪಕ್ಕದಲ್ಲಿ ಕೂತವರು ಹೋಳಿಗೆಯ ಮೇಲೆ ಕಣ್ಣಿಟ್ಟು "ಹೌದ್ರಿ, ಖರೇ ಅದರಿ" ಎನ್ನುತ್ತಿದ್ದರು. ಆ ಹೌದು ನನಗೆ ಸಾಕಾಗುತ್ತಿತ್ತು.

ಹೀಗಿರುವಾಗ ನನ್ನ ತಮ್ಮ ರೇವಣಸಿದ್ಧನಿಗೆ ಗಂಡು ಕೂಸು ಹುಟ್ಟಿತು. ತಮ್ಮ ನಮ್ಮೂರು ನರೋಣಾದಲ್ಲಿ ಅಪ್ಪನ ಜೊತೆ ಇದ್ದಾನೆ, ಬೀಜ ಗೊಬ್ಬರದ ಅಂಗಡಿ ಇಟ್ಟಿದ್ದಾನೆ. ಅವನ ಹೆಂಡತಿ ಅನ್ನಪೂರ್ಣಾ ಅತನೂರಿನವಳು, ಮಾತು ಕಡಿಮೆ. ಮೊದಲಿನ ಬಸಿರು ನಿಂತಿರಲಿಲ್ಲ. ಎರಡನೆಯದಕ್ಕೆ ದವಾಖಾನೆಯವರು ಅಲುಗಾಡಬೇಡ ಎಂದದ್ದರಿಂದ ತವರಿನಲ್ಲಿ ಮಲಗಿಕೊಂಡೇ ತಿಂಗಳುಗಳನ್ನು ಕಳೆದಿದ್ದಳು. ಇದೆಲ್ಲ ನನಗೆ ಗೊತ್ತಿತ್ತು, ಇದನ್ನು ನೆನಪಿಡಿ.

ನಮ್ಮ ಕಡೆ ಹೆಸರಿಡುವುದು ಅತ್ತೆಯ ಹಕ್ಕು, ಅಂದರೆ ಕೂಸಿನ ಅಪ್ಪನ ಅಕ್ಕತಂಗಿಯರದು. ಅವಳು ತೊಟ್ಟಿಲಿಗೆ ಬಾಗಿ, ಕೂಸಿನ ಕಿವಿಯಲ್ಲಿ "ಕುರ್ರ್" ಎಂದು ಹೆಸರು ಉಸುರಬೇಕು. ಅವಳು ಉಸುರುವ ಹೊತ್ತಿಗೆ ಸುತ್ತ ನಿಂತ ಹೆಂಗಸರೆಲ್ಲ ಅವಳ ಬೆನ್ನಿಗೆ ಗುದ್ದುತ್ತಾರೆ. ಯಾಕೆ ಗುದ್ದುತ್ತಾರೆ ಎಂದು ಕೇಳಬೇಡಿ. ಅತ್ತೆಯಾದವಳು ಆ ಮನೆಯಲ್ಲಿ ಅದುವರೆಗೆ ಮಾಡಿದ ಕಾರುಬಾರಿಗೆಲ್ಲ ಸೇಡು ತೀರಿಸಿಕೊಳ್ಳಲು ಉಳಿದವರಿಗೆ ಆ ಒಂದು ಗಳಿಗೆ ಸಿಕ್ಕುತ್ತದೆ ಎಂಬುದು ನನ್ನ ಊಹೆ. ಹೆಸರನ್ನು ಗಂಡಹೆಂಡತಿ ಮೊದಲೇ ಗೊತ್ತು ಮಾಡಿ ಹೇಳಿರುತ್ತಾರೆ, ಅತ್ತೆ ಉಸುರುತ್ತಾಳೆ, ಅಷ್ಟೇ. ಆದರೆ ನಾನು ಹಕ್ಕು ಎಂಬ ಮಾತನ್ನು ಸ್ವಲ್ಪ ಗಟ್ಟಿಯಾಗಿ ಹಿಡಿದುಕೊಂಡೆ.

ತಮ್ಮ ಫೋನಿನಲ್ಲಿ "ಅಕ್ಕಾ, ರೇವಾನ್ ಅಂತ ಇಡ್ತೇವಿ" ಎಂದ.

"ಅಂದ್ರೇನೋ?"

"ನಂದು ರೇವಣ, ಆಕಿದು ಅನ್ನಪೂರ್ಣಾ. ಎರಡೂ ಕೂಡ್ಸಿದ್ವಿ."

ನಾನು ನಕ್ಕೆ. ಅವನಿಗೆ ಕೇಳಿಸುವಂತೆಯೇ ನಕ್ಕೆ. ಆಮೇಲೆ ಮೊಬೈಲಿನಲ್ಲಿ ಹುಡುಕಿದೆ. ಒಂದು ಕಡೆ ಆ ಹೆಸರಿಗೆ ನಕ್ಷತ್ರ ಎಂದಿತ್ತು. ಇನ್ನೊಂದು ಕಡೆ ಕುದುರೆ ಸವಾರ. ಮತ್ತೊಂದರಲ್ಲಿ ತನ್ನ ಕಾಲ ಮೇಲೆ ತಾನು ನಿಲ್ಲುವವನು. ಒಂದೇ ಕೂಸು ನಕ್ಷತ್ರವೂ ಆಗಿ ಕುದುರೆಯನ್ನೂ ಏರಿ ಕಾಲ ಮೇಲೂ ನಿಲ್ಲುವುದು ಹೇಗೆಂದು ಸ್ಟಾಫ್ ರೂಮಿನಲ್ಲಿ ಹೇಳಿ ಎಲ್ಲರನ್ನೂ ನಗಿಸಿದೆ. ಮರುದಿನವೇ ಇಲ್ಲಿಯ ಪತ್ತಾರರ ಅಂಗಡಿಗೆ ಹೋಗಿ ಕೂಸಿಗೆಂದು ಬೆಳ್ಳಿ ಬಟ್ಟಲು ಕೊಂಡು, ಅದರ ಮೇಲೆ ನಾನು ಆರಿಸಿದ ಹೆಸರನ್ನು ಕೆತ್ತಿಸಿದೆ. ಚಿರಂತನ. ಪತ್ತಾರರು "ಮನ್ಯಾಗ ಎಲ್ಲಾರ ಒಪ್ಪಿಗಿ ಆಗ್ಯದೇನ್ರಿ?" ಎಂದು ಕೇಳಿದರು. ಆಗಿದೆ ಎಂದೆ. ಬೆಳ್ಳಿಯಲ್ಲಿ ಕೆತ್ತಿದ ಮೇಲೆ ಯಾರು ತಾನೆ ಬೇಡ ಎಂದಾರು, ಅದು ನನ್ನ ಲೆಕ್ಕ.

ಕಾರ್ಯ ಅತನೂರಿನಲ್ಲಿ, ಅನ್ನಪೂರ್ಣಾಳ ತವರಿನಲ್ಲಿ. ನರೋಣಾದಿಂದ ನಮ್ಮವರೆಲ್ಲ ಒಂದು ಕ್ರೂಸರ್ ಮಾಡಿಕೊಂಡು ಬಂದರು. ಅಪ್ಪನ ಜೊತೆ ಮುಂದಿನ ಸೀಟಿನಲ್ಲಿ ಖಾಸಿಂಬಿ ಕೂತಿದ್ದಳು. ಅವಳು ನಮ್ಮ ನೆರೆಮನೆಯವಳು, ಅಪ್ಪನಿಗಿಂತ ಕೊಂಚ ಹಿರಿಯಳು. ನಮ್ಮ ಮನೆಯ ಯಾವ ಕಾರ್ಯವೂ ಅವಳಿಲ್ಲದೆ ಆಗುವುದಿಲ್ಲ, ಅವರ ಮನೆಯ ಶಾದಿ ಅಪ್ಪನಿಲ್ಲದೆ ಆಗುವುದಿಲ್ಲ.

ಬೀಗರ ಮನೆಯ ಪಡಸಾಲೆಯಲ್ಲಿ ತೊಟ್ಟಿಲು ಕಟ್ಟಿದ್ದರು. ಅದರ ಹಿಂದಿನ ಗೋಡೆಗೆ ಅನ್ನಪೂರ್ಣಾಳ ತಂಗಿ ಥರ್ಮೋಕೋಲಿನಲ್ಲಿ ರೇವಾನ್ ಎಂದು ಕತ್ತರಿಸಿ, ಬಣ್ಣ ಹಚ್ಚಿ, ಸುತ್ತ ಬಲೂನು ಅಂಟಿಸಿದ್ದಳು. ನಾನು ಕುಂಚಿಗೆ, ಕುಲಾಯಿ, ಬಟ್ಟಲು ಇಟ್ಟ ತಟ್ಟೆಯನ್ನು ಅದೇ ಗೋಡೆಯ ಕೆಳಗೆ ಎಲ್ಲರಿಗೂ ಕಾಣುವಂತೆ ಇಟ್ಟೆ. ಹೆಂಗಸರು ಬಟ್ಟಲನ್ನು ಕೈಯಿಂದ ಕೈಗೆ ದಾಟಿಸಿ ತೂಕ ನೋಡಿದರು. ಅಕ್ಷರ ಓದಿದರು. ಗೋಡೆ ನೋಡಿದರು. ಮತ್ತೆ ಬಟ್ಟಲು ನೋಡಿದರು.

"ಎರಡ ಹೆಸರು ಇಡ್ತೀರೇನ್ರಿ ಬೀಗರ?" ಎಂದು ಯಾರೋ ಕೇಳಿಯೇಬಿಟ್ಟರು.

ಅನ್ನಪೂರ್ಣಾ ಕೂಸನ್ನು ಮಡಿಲಲ್ಲಿಟ್ಟುಕೊಂಡು ಕೂತಿದ್ದಳು. ಬಟ್ಟಲು ಅವಳ ಕೈಗೂ ಬಂತು. ಓದಿದಳು. ಮುಖದಲ್ಲಿ ಏನೂ ತೋರಿಸದೆ ಪಕ್ಕದವಳಿಗೆ ದಾಟಿಸಿದಳು. ಆಗಲಾದರೂ ನಾನು ಸುಮ್ಮನಿರಬಹುದಿತ್ತು. ಇಲ್ಲ. ಕ್ಲಾಸಿನಲ್ಲಿ ಕೇಳುವಂತೆ, ಅದೇ ದನಿಯಲ್ಲಿ ಕೇಳಿದೆ.

"ಅನ್ನಪೂರ್ಣಾ, ನೀವು ಇಡಬೇಕಂದ ಹೆಸರಿಂದು ಅರ್ಥ ಏನವ್ವ? ನಾಲ್ಕ ಮಂದಿಗೆ ತಿಳೀಲಿ, ಹೇಳು."

ಅವಳು ತಲೆ ಎತ್ತಿದಳು. "ನಕ್ಷತ್ರ ಅಂತ ಅದರಿ ಅಕ್ಕಾರ."

"ಯಾವ ಭಾಷಾದಾಗ?"

ಅವಳ ಅವ್ವ ಅಡುಗೆಮನೆಯ ಬಾಗಿಲಲ್ಲಿ ಸೌಟು ಹಿಡಿದು ನಿಂತಿದ್ದರು. ಅವಳ ತಂಗಿ ಗೋಡೆಯ ಮೇಲಿನ ತನ್ನ ಬಣ್ಣದ ಅಕ್ಷರಗಳನ್ನು ನೋಡಿದಳು, ಈಗ ಅವನ್ನು ಕೀಳಬೇಕೇನೋ ಎಂಬ ಹಾಗೆ. ಅನ್ನಪೂರ್ಣಾಳ ತುಟಿ ಒಮ್ಮೆ ಅಲುಗಿತು, ಏನನ್ನೋ ಹೇಳಲಿದ್ದಳು. ನಾನು ಅಷ್ಟರಲ್ಲಿ "ನೋಡ್ರಿ, ಇದಕ್ಕ ಹೇಳೋದು" ಎಂದು ಬೀಗಿತಿಯರ ಕಡೆ ತಿರುಗಿದೆ. ಅವಳು ತಲೆ ತಗ್ಗಿಸಿ ಕೂಸಿನ ಕಾಲಿಗೆ ಬಟ್ಟೆ ಸರಿಪಡಿಸತೊಡಗಿದಳು. ನಾನು ಗೆದ್ದಿದ್ದೆ. ಅವಳ ತವರಿನಲ್ಲಿ, ಅವಳ ಹೆತ್ತವರ ಎದುರಿಗೆ, ಅವಳ ಕೂಸಿನ ಸಲುವಾಗಿ.

ಆಗ ಅಂಗಳದಿಂದ ಖಾಸಿಂಬಿಯ ದನಿ ಬಂತು. ಕಾಲು ತೊಳೆಯಲು ಹೋಗಿದ್ದಳು, ಒಳಗೆ ಏನು ನಡೆಯುತ್ತಿದೆ ಎಂಬುದರ ಪರಿವೆ ಅವಳಿಗಿರಲಿಲ್ಲ.

"ಏ ಹುಸೇನಪ್ಪ! ಕೈ ಹಿಡೀ ಬಾರೋ. ಈ ಫರ್ಶಿ ಮ್ಯಾಲ ಕಾಲ ಜಾರಾಕತ್ತಾವ. ಮೊಮ್ಮಗನ್ನ ನೋಡೋದ ಬ್ಯಾಡೇನು ನಾ?"

ಹುಸೇನಪ್ಪ ನಮ್ಮಪ್ಪ. ಕಟ್ಟೆಯ ಮೇಲಿನಿಂದ ಎದ್ದು "ಬಂದ್ನಿ, ಬಂದ್ನಿ" ಎನ್ನುತ್ತ ಹೋದ.

ಹುಟ್ಟಿದಾಗಿನಿಂದ ಕೇಳಿದ ಹೆಸರು. ನಮ್ಮ ಕಡೆ ಊರಿಗೊಬ್ಬ ಹುಸೇನಪ್ಪ, ಓಣಿಗೊಬ್ಬ ಮೌಲಪ್ಪ, ಲಾಲಪ್ಪ ಇದ್ದಾರೆ, ಯಾರೂ ತಿರುಗಿ ನೋಡುವುದಿಲ್ಲ. ಆದರೆ ಆ ಗಳಿಗೆಯಲ್ಲಿ ಆ ಹೆಸರು ನನಗೆ ಮೊದಲ ಸಲ ಕೇಳಿಸಿತು. ಅಪ್ಪನಿಗಿಂತ ಮುಂಚೆ ಹುಟ್ಟಿದ ಕೂಸುಗಳು ನಮ್ಮಜ್ಜಿಗೆ ಉಳಿದಿರಲಿಲ್ಲ. ಅಪ್ಪ ಹುಟ್ಟಿದಾಗ ಖಾಸಿಂಬಿಯ ತಾಯಿ ಅಮ್ಮಾಬಿ ಬಂದು, ಕೂಸನ್ನು ಲೋಬಾನದ ಹೊಗೆಗೆ ಹಿಡಿದು, ಊರಾಚೆಯ ದರ್ಗಾಕ್ಕೆ ಹರಕೆ ಹೊತ್ತು, ಕರಿದಾರ ಕಟ್ಟಿದಳಂತೆ. ಅದೇ ಕೂಸಿಗೆ ಮಠದ ಅಯ್ಯನವರು ಬಂದು ಲಿಂಗ ಕಟ್ಟಿದರಂತೆ. ಹುಸೇನ ಎಂಬುದು ಅಮ್ಮಾಬಿಯ ಪಾಲು, ಅಪ್ಪ ಎಂಬುದು ಅಜ್ಜಿಯ ಪಾಲು. ಇಬ್ಬರು ಗೆಳತಿಯರು ಒಂದು ಕೂಸನ್ನು ಉಳಿಸಿಕೊಳ್ಳಲು ಎರಡು ಮನೆಯಿಂದ ಅರ್ಧರ್ಧ ತಂದು ಕೂಡಿಸಿದ ಹೆಸರು. ಈ ಕತೆಯನ್ನು ಅಜ್ಜಿಯ ಬಾಯಲ್ಲಿ ಎಷ್ಟು ಸಲ ಕೇಳಿದ್ದೇನೋ. ಯಾವ ಭಾಷೆಯದು ಎಂದು ಯಾರಾದರೂ ಅವಳನ್ನು ಕೇಳಿದ್ದರೆ ನಾನು ಜಗಳಕ್ಕೆ ನಿಲ್ಲುತ್ತಿದ್ದೆ. ಆ ಹೆಸರನ್ನೇ ನಾನು ನನ್ನ ಹೆಸರಿನ ಜೊತೆ ಇಷ್ಟು ವರ್ಷ ಬರೆದುಕೊಂಡು ಬಂದಿದ್ದೇನೆ.

ನನಗೆ ಯಾರೂ ಏನೂ ಹೇಳಲಿಲ್ಲ. ಯಾರೂ ನನ್ನ ಕಡೆ ನೋಡಲೂ ಇಲ್ಲ. ಅಪ್ಪ ಖಾಸಿಂಬಿಯ ಕೈ ಹಿಡಿದು ಒಳಗೆ ಕರೆತಂದ, ಅವಳು ಕೂಸಿನ ತಲೆ ನೇವರಿಸಿ ತನ್ನ ಕಣತಲೆಗೆ ಬೆರಳು ಮುಟ್ಟಿಸಿ ನೆಟಿಕೆ ಮುರಿದು ದೃಷ್ಟಿ ತೆಗೆದಳು. ನನಗೆ ಮಾತ್ರ ನಿಂತಲ್ಲಿ ನಿಲ್ಲಲಾಗಲಿಲ್ಲ. ಆ ತಟ್ಟೆಯನ್ನು ಎತ್ತಿಕೊಂಡು ಕ್ರೂಸರಿನೊಳಗೆ ಹೋಗಿ ಕೂಡಬೇಕೆನಿಸಿತು.

"ಅತ್ತಿ ಬರ್ಲಿ, ಅತ್ತಿ ಬರ್ಲಿ" ಎಂದರು. ಬಾಗಿದೆ. ಕೂಸು ಮಲಗಿತ್ತು, ಹಾಲಿನ ವಾಸನೆ. ಹಿಂದೆ ಎಲ್ಲರೂ ಕೈ ಎತ್ತಿ ಕಾದಿದ್ದರು. ಅನ್ನಪೂರ್ಣಾಳ ಉಸಿರು ನನಗೆ ಕೇಳಿಸುತ್ತಿತ್ತು. ಯಾವ ಹೆಸರು ಹೇಳುತ್ತೇನೆಂದು ಅವಳಿಗೆ ಗೊತ್ತಿರಲಿಲ್ಲ.

"ಕುರ್ರ್... ರೇವಾನ್" ಎಂದೆ.

ಗುದ್ದು ಬಿದ್ದವು. ಅನ್ನಪೂರ್ಣಾಳ ಅವ್ವ ಸೌಟು ಕೆಳಗಿಟ್ಟು ಬಂದು ಗುದ್ದಿದರು, ಅದು ಬರೀ ಶಾಸ್ತ್ರದ ಗುದ್ದಾಗಿರಲಿಲ್ಲ ಎಂದು ನನ್ನ ಬೆನ್ನು ಇವತ್ತಿಗೂ ಹೇಳುತ್ತದೆ. ನನಗೆ ಅದರಿಂದ ಒಂದಿಷ್ಟು ಹಗುರಾಯಿತು ಎಂದರೆ ನಂಬುತ್ತೀರಾ? "ನೀನೂ ಒಂದ ಹಾಕ ಬೇ, ಅತ್ತಿ ಮತ್ತ ಸಿಗೂದಿಲ್ಲ" ಎಂದು ಯಾರೋ ಅನ್ನಪೂರ್ಣಾಳಿಗೆ ಹೇಳಿದರು. ಅವಳು ಕೈ ಎತ್ತಿದಳು. ಗುದ್ದಾಟದಲ್ಲಿ ಜಾರಿದ್ದ ನನ್ನ ಸೆರಗನ್ನು ಹೆಗಲ ಮೇಲೆ ಎಳೆದು ಕೂಡಿಸಿದಳು. ಅದಕ್ಕಿಂತ ಅವಳು ಗುದ್ದಿದ್ದರೆ ಚೆನ್ನಾಗಿತ್ತು.

ಬಟ್ಟಲನ್ನು ಮರಳಿ ತರಲು ನೋಡಿದೆ. ಅನ್ನಪೂರ್ಣಾ ಕೊಡಲಿಲ್ಲ. ನರೋಣಾಕ್ಕೆ ಹೋದಾಗಲೆಲ್ಲ ನೋಡುತ್ತೇನೆ, ರೇವಾನ್ ಹಾಲು ಕುಡಿಯುವುದು, ಮೆತ್ತಗಿನ ಅನ್ನ ಉಣ್ಣುವುದು ಅದರಲ್ಲೇ. ಅವನ ಬಾಯಲ್ಲಿ ಅದು "ಅತ್ತಿ ಬಟ್ಲಾ". ಅವನವ್ವ ಅವನಿಗೆ ಹಾಗೇ ಹೇಳಿಕೊಟ್ಟಿದ್ದಾಳೆ. ಒಮ್ಮೆ ತಡೆಯಲಾರದೆ ಹೇಳಿದೆ, "ಅನ್ನಪೂರ್ಣಾ, ಕೊಡವ್ವ ಅದನ್ನ. ಪತ್ತಾರರ ಕಡೆ ಒಯ್ದು ಅಕ್ಷರ ಅಳಿಸಿಕೊಂಡ ಬರ್ತೇನಿ. ಅಂವಾ ಇನ್ನ ಸಾಲಿಗಿ ಹೋಗ್ತಾನ, ಓದ್ತಾನ."

ಅವಳು ಬಟ್ಟಲನ್ನು ಬೂದಿ ಹಚ್ಚಿ ತಿಕ್ಕುತ್ತಿದ್ದಳು. "ಬ್ಯಾಡ್ರಿ ಅಕ್ಕಾರ. ತಿಕ್ಕಿ ಅಳಿಸಿದ್ರ ಬಟ್ಲಾ ತೆಳ್ಳಗ ಆಗ್ತದ" ಎಂದಳು. ಬಟ್ಟಲನ್ನು ನೀರಿನಲ್ಲಿ ತೊಳೆದು, "ಓದ್ಲಿ ಬಿಡ್ರಿ. ನೀವ ಹೇಳ್ರಿ ಅವಂಗ" ಎಂದಳು.

ಹೇಳಬೇಕು. ಹೇಗೆ ಹೇಳಬೇಕೆಂದು ಇನ್ನೂ ತಿಳಿದಿಲ್ಲ. ಅವನು ಈಗ ಅಂಗನವಾಡಿಯಲ್ಲಿ ಅಕ್ಷರಗಳ ಮೇಲೆ ಬೆರಳಾಡಿಸುತ್ತಿದ್ದಾನೆ.

ಇಷ್ಟು ಬರೆಯುವಷ್ಟರಲ್ಲಿ ಸಂಜೆಯಾಗಿ, ಪಕ್ಕದ ಮನೆಗೆ ಹೋಗಿ ಬಂದೆ. ಮೈಕು ನನ್ನ ಕೈಗೆ ಬಂತು. ಹೆಸರು ಶಿವಾಂಜ್. ಮೊದಲಿನ ನಾನಾಗಿದ್ದರೆ ನಿಘಂಟು ತೆರೆಯುತ್ತಿದ್ದೆ. ಮೈಕನ್ನು ಆ ಸೊಸೆಯ ಬಾಯಿಗೆ ಹಿಡಿದು, "ನನಗ ಗೊತ್ತಿಲ್ಲವ್ವ, ಈ ಹೆಸರು ಹೆಂಗ ಬಂತು ನೀನ ಹೇಳು. ಅವಸರ ಇಲ್ಲ" ಎಂದೆ. ಹುಡುಗಿ ಗಾಬರಿಯಾದಳು. ಗಂಡನ ಕಡೆ ನೋಡಿದಳು, ಸೆರಗಿನ ಚುಂಗು ತಿರುವಿದಳು. ಮೈಕು ಗುಂಯ್ ಎನ್ನುತ್ತಿತ್ತು, ಮಂದಿ ಕಾಯುತ್ತಿದ್ದರು. ನಾನು ಕೈ ಕದಲಿಸಲಿಲ್ಲ.

"ಅವ್ರ ಹೆಸರು ಶಿವು ಅದರಿ," ಎಂದಳು ಕೊನೆಗೆ. "ನಂದು ಅಂಜಲಿ. ಅವ್ರು ಪುಣೆದಾಗ ಕೆಲಸಕ್ಕ ಇದ್ರು, ನಾ ಇಲ್ಲಿದ್ನಿ. ಕೂಸಿನ ಹೆಸರಿನಾಗಾದ್ರೂ ಇಬ್ರೂ ಒಂದ ಕಡೆ ಇರಾಮು ಅಂತ ಇಟ್ವಿರಿ."

ಹೆಂಗಸರು "ಚೊಲೋ ಆತು ಬಿಡವ್ವ" ಎಂದರು. ಅತ್ತೆ ಬಾಗಿದಳು, ಗುದ್ದು ಬಿದ್ದವು, ಗುಗ್ಗರಿ ಹಂಚಿದರು. ನನ್ನ ಉಡಿಯಲ್ಲೂ ಒಂದು ಬೊಗಸೆ ಬಿತ್ತು, ಇನ್ನೂ ಬಿಸಿ ಇದೆ.

ಆ ಹುಡುಗಿ ಬಾಯಿ ತೆರೆಯಲು ಹಿಡಿದದ್ದು ಒಂದೆರಡು ಉಸಿರಿನಷ್ಟು ಹೊತ್ತು. ಆ ದಿನ ಅತನೂರಿನಲ್ಲಿ ಅನ್ನಪೂರ್ಣಾಳಿಗೂ ಬೇಕಾಗಿದ್ದದ್ದು ಅಷ್ಟೇ. ನಾನು ಕೊಟ್ಟಿರಲಿಲ್ಲ.