ನೀರಿಗೆ ಇಳಿಯಬೇಕಾಗಿದ್ದವನು ನಾನು

ಆ ಸಂಜೆ ಬೆಟ್ಟದಿಂದ ನೀರು ತರಲು ಇಳಿಯಬೇಕಾಗಿದ್ದವನು ಈರಪ್ಪನಲ್ಲ, ನಾನು. ಇದನ್ನು ಇಷ್ಟು ವರ್ಷ ಮುಚ್ಚಿಟ್ಟೆ — ಮುಚ್ಚಿಟ್ಟೆ ಎಂಬುದೂ ಅರ್ಧ ಸತ್ಯವೇ. ಬಾಯಿಬಿಟ್ಟು ಸುಳ್ಳು ಹೇಳಿದೆ.

ತೊಂಬತ್ತರ ದಶಕದ ಕೊನೆಯ ಆ ಯುದ್ಧದಲ್ಲಿ ನಮ್ಮ ತುಕಡಿ ಬೋಳು ಬೆಟ್ಟವೊಂದರ ನೆತ್ತಿಯಲ್ಲಿತ್ತು. ಕುಡಿಯುವ ನೀರನ್ನು ಕೆಳಗಿನ ಝರಿಯಿಂದ ಹೊತ್ತು ತರಬೇಕು. ಆ ದಾರಿ ಶತ್ರುವಿನ ಕಣ್ಣಿಗೆ ನೇರ. ಸರದಿಯಂತೆ ಒಬ್ಬೊಬ್ಬರೇ ಇಳಿಯುತ್ತಿದ್ದೆವು. ಹಿಂದಿನ ದಿನ ಇಳಿದವನು ಮರಳಿರಲಿಲ್ಲ. ನನ್ನ ಸರದಿ ಬಂದಾಗ ಕಾಲು ಉಳುಕಿದೆ ಎಂದುಬಿಟ್ಟೆ.

ಈರಪ್ಪ ಗದಗದ ಕಡೆಯವನು. ತುಕಡಿಯಲ್ಲಿ ನನ್ನೊಡನೆ ಕನ್ನಡ ಆಡುತ್ತಿದ್ದವನು ಅವನೊಬ್ಬನೇ. ನನ್ನ ಬೂಟು ಬಿಚ್ಚಿ ಪಾದ ಒತ್ತಿ ನೋಡಿದ. ಬಾವು ಇರಲಿಲ್ಲ. ನರಳುವುದನ್ನೂ ನಾನು ಮರೆತಿದ್ದೆ. ಅವನು ಒಂದು ಗಳಿಗೆ ನನ್ನ ಮುಖವನ್ನೇ ನೋಡಿದ.

"ಅಂಜಬ್ಯಾಡ. ನೀ ಕುಂದ್ರು, ನಾ ಹೋಗಿ ಬರ್ತೀನಿ."

ಕ್ಯಾನು ಹೊತ್ತು ಇಳಿದ. ಶೆಲ್ ಬಿದ್ದ ಸದ್ದು ಕೇಳಿದಾಗ ನಾನು — ಬರೆಯಲು ಕೈ ಬರುತ್ತಿಲ್ಲ — ಮೊದಲು, ಸದ್ಯ ನಾನಲ್ಲ ಎಂದುಕೊಂಡೆ. ಅತ್ತದ್ದು ಆಮೇಲೆ.

ನಿವೃತ್ತನಾಗಿ ಗೊಟ್ಟಿಗೆರೆಯ ನಮ್ಮ ಮನೆಗೆ ಬಂದೆ. ಕೆಲವು ವರ್ಷಗಳ ಮೇಲೆ ಈರಪ್ಪನ ಹೆಂಡತಿ ಶಾಂತವ್ವ ಕೆಲಸ ಹುಡುಕಿಕೊಂಡು, ಮಗಳು ಸುಮಾಳನ್ನು ಕರೆದುಕೊಂಡು, ನಮ್ಮದೇ ನಗರದ ಬಿಟಿಎಂ ಬಡಾವಣೆಗೆ ಬಂದು ಬಾಡಿಗೆ ಮನೆ ಹಿಡಿದರು. ಗಂಡನ ಜೊತೆಗಾರನೆಂದು ನನ್ನನ್ನು ಅಣ್ಣಾ ಎಂದರು. ಹಬ್ಬ ಬಂದರೆ ನನಗೆಂದೇ ಹೋಳಿಗೆ ಎತ್ತಿಡುತ್ತಿದ್ದರು. ಹೋಗಿ ತಿನ್ನುತ್ತಿದ್ದೆ.

ಸುಮಾ ದೊಡ್ಡವಳಾದಳು. ಜಯನಗರದಲ್ಲಿ ಅವಳು ಓದುತ್ತಿದ್ದ ಕಾಲೇಜಿನವರು ಯುದ್ಧದ ನೆನಪು ಹೇಳಲು ನನ್ನನ್ನು ಕರೆದರು. ಮಾತಿನ ಭರದಲ್ಲಿ ನೀರಿನ ಸರದಿಯ ವಿಷಯ ಬಾಯಿಂದ ಬಂತು. ಸುಮಾ ಎದ್ದು ನಿಂತಳು.

"ಅಂಕಲ್, ಅವತ್ತು ನಮ್ಮಪ್ಪನ ಟರ್ನೇ ಇತ್ತಾ?"

"ಹೌದಮ್ಮ, ನಿಮ್ಮಪ್ಪಂದೇ."

ಸಭೆ ಚಪ್ಪಾಳೆ ತಟ್ಟಿತು. ಅವಳು ಹೆಮ್ಮೆಯಿಂದ ಕಣ್ಣೊರೆಸಿಕೊಂಡಳು. ಅವನನ್ನು ನಾನು ಇನ್ನೊಮ್ಮೆ ಆ ದಾರಿಗೆ ಇಳಿಸಿದ್ದೆ.

ಮರುದಿನ ಬೆಳಿಗ್ಗೆ ಬಿಟಿಎಂಗೆ ಹೋದೆ. ಕೆಲಸಕ್ಕೆ ಹೊರಟಿದ್ದ ಶಾಂತವ್ವನನ್ನು ತಡೆದು, ನಿಂತಲ್ಲೇ ಎಲ್ಲ ಹೇಳಿದೆ. ಅವರು ಅಳಲಿಲ್ಲ.

"ನಿಮ್ಮ ಕಾಲಿಗೆ ಏನೂ ಆಗಿಲ್ಲಂತ ಅವ್ರಿಗೆ ಗೊತ್ತಿತ್ತೇನ್ರಿ?"

"ಗೊತ್ತಿತ್ತು."

"ಗೊತ್ತಿದ್ದೂ ಹೋದ್ರಾ? ನನ್ನ ನೆನಪು, ಕೂಸಿನ ನೆನಪು... ಆಗಲಿಲ್ಲೇನು ಅವ್ರಿಗೆ?"

ಸತ್ತ ಗಂಡನ ಮೇಲೆ ಅಲ್ಲಿಯವರೆಗೆ ಅವರಿಗೆ ಸಿಟ್ಟಿರಲಿಲ್ಲ. ಅದನ್ನೂ ನಾನೇ ತಂದುಕೊಟ್ಟೆ.

"ಸುಮಾಗೂ ನೀವ ಹೇಳ್ರಿ," ಎಂದರು, ಬಾಗಿಲಿಗೆ ಬೀಗ ಹಾಕುತ್ತಾ. "ಆಮ್ಯಾಲೆ ಈ ಮನಿಗೆ ಬರಬ್ಯಾಡ್ರಿ."

ಸುಮಾ ಕಾಲೇಜಿನಿಂದ ಬರುವವರೆಗೆ ಮೆಟ್ಟಿಲ ಮೇಲೆ ಕೂತಿದ್ದೆ. ಅವಳು ನನ್ನನ್ನು ಕಂಡು ನಕ್ಕಳು, ಕಾಫಿ ಮಾಡ್ತೀನಿ ಅಂದಳು — ಆ ನಗು ಇನ್ನೂ ಮುಖದ ಮೇಲಿರುವಾಗಲೇ ಹೇಳಿಬಿಟ್ಟೆ. ಬೀಗಕ್ಕೆ ಹಾಕಿದ್ದ ಕೀಲಿಯನ್ನು ಅವಳು ಹೊರತೆಗೆದಳು.

"ನಿನ್ನೆ ಎಲ್ಲರ ಮುಂದೆ ಹೇಳಿದ್ರಲ್ಲ," ಎಂದಳು. "ಇದನ್ನೂ ಎಲ್ಲರ ಮುಂದೆ ಹೇಳಿ."

ಹೂಂ ಎಂದೆ. ಎಂದವನು ಆಮೇಲೂ ವರ್ಷಗಟ್ಟಲೆ ಬಾಯಿ ಬಿಡಲಿಲ್ಲ.

ಈಗ ಹೇಳುತ್ತಿದ್ದೇನೆ, ಸುಮಾ.