ಕಾಲು ಮಡಚಿದ ಫೋಟೋ
ಮಣಿಕೊಂಡದ ಕನ್ನಡದ ಮನೆಗಳಿಗೆಲ್ಲ ಸಂಬಂಧ ಕುದುರಿಸುವವಳು ಸುಮಂಗಲಾ. ಹೈದರಾಬಾದಿನ ಕನ್ಯೆಯರಲ್ಲಿ ಅರ್ಧ ಜನರ ಫೋಟೋ ಪರ್ಸಿನಲ್ಲಿಟ್ಟುಕೊಂಡೇ ನಮ್ಮ ಮನೆಗೆ ಚಹಾಕ್ಕೆ ಬರುತ್ತಾಳೆ. ಪೋರ್ಚುಗಲ್ಲಿನ ಕ್ಲಬ್ಬೊಂದಕ್ಕೆ ಫುಟ್‌ಬಾಲ್ ಆಡುವ ನನ್ನ ಮೊಮ್ಮಗಳು ದಾನೇಶ್ವರಿಯ ಫೋಟೋವನ್ನು ಮಾತ್ರ ಕಾಲು ಕಾಣದಂತೆ ಮಡಚಿರುತ್ತಾಳೆ. “ಆಟದಾಗ ಗಾಯ ಆದ ಕಾಲು ಕಂಡ್ರ ಯಾರ್ ಒಪ್ತಾರ್ರಿ, ಅಮ್ಮಾ?” ಅನ್ನುತ್ತಾಳೆ. ಆಟ ಬಿಡಬೇಕೆಂದು ಗಂಡಿನವರು ಅನ್ನುವುದೇ ತಡ, ಹುಡುಗಿಯನ್ನು ಕೇಳದೆಯೇ “ಬಿಡ್ತಾಳ್ರಿ, ಪಕ್ಕಾ” ಎಂದು ಮಾತು ಕೊಟ್ಟುಬಿಡುತ್ತಾಳೆ. ನನಗೆ ಮೈಯೆಲ್ಲ ಉರಿಯುತ್ತದೆ. ಮೊನ್ನೆ ಇಬ್ಬರೂ ಮೊಬೈಲಿನಲ್ಲಿ ಅವಳ ಪಂದ್ಯ ನೋಡುವಾಗ ಎದುರಾಳಿಯೊಬ್ಬಳು ಕಾಲಿಗೆ ಒದ್ದಳು, ದಾನೇಶ್ವರಿ ಉರುಳಿದಳು. ನನಗಿಂತ ಮೊದಲು ಚಹಾ ಚೆಲ್ಲಿಕೊಂಡು ಎದ್ದವಳು ಸುಮಂಗಲಾ: “ಏಯ್, ಅದು ನಮ್ ಹುಡುಗೀ ಕಾಲು!” ದಾನೇಶ್ವರಿ ಎದ್ದು ಓಡಿದ ಮೇಲೆ ನಾನು ಪರ್ಸಿನಿಂದ ಆ ಫೋಟೋ ತೆಗೆದು, ಮಡಿಕೆ ಬಿಚ್ಚಿ ಸುಮಂಗಲಾಳ ಕೈಗಿಟ್ಟೆ: “ಮೊದಲ ಈ ಕಾಲು ತೋರ್ಸವ್ವ. ಮುಖಾ ಆಮ್ಯಾಲೆ ನೋಡ್ಲಿ.”